ಕಾಲಪೆಟ್ಟಿಗೆ: ಹಿಟ್ಟಿಗೆಂದು ತಂದೆವು, ಕಾಫಿಗೆ ಉಳಿಯಿತು

ಉದ್ದ, ಅಗಲ, ಎಷ್ಟು ಲೀಟರ್ ಹಿಡಿಯುತ್ತದೆ ಅನ್ನುವುದನ್ನೆಲ್ಲ ನೀವು ಬಾಕ್ಸಿನ ಮೇಲೇ ನೋಡಿರುತ್ತೀರಿ. ಅದು ಬಿಡಿ. ಒಳಗಿನ ಕಾಲದ ಓಟವನ್ನೇ ಬದಲಿಸುವ ಈ ಪೆಟ್ಟಿಗೆ ನಮ್ಮ ಅಡುಗೆಮನೆಗೆ ಬಂದು ವರ್ಷದ ಮೇಲಾಯಿತು. ಈಗ ಸ್ವಲ್ಪ ಮಾತಾಡಬಹುದು ಅನ್ನಿಸಿದೆ.

ಎಲ್ಲರ ಹಾಗೆ ನಾನೂ ‘ವೇಗ’ದ ಗುಂಡಿ ನೋಡಿಯೇ ಮರುಳಾಗಿದ್ದು. ಬೆಂಗಳೂರಿನ ಡಿಸೆಂಬರ್ ಚಳಿಯಲ್ಲಿ ಇಡ್ಲಿ ಹಿಟ್ಟು ಉಬ್ಬಿಸುವುದು ಎಂಥ ಕಷ್ಟ ಅಂತ ಮಾಡುವವರಿಗೇ ಗೊತ್ತು. ಪೆಟ್ಟಿಗೆಯಲ್ಲಿ ಒಳಗಿನ ಹತ್ತು ಗಂಟೆ ಹೊರಗೆ ಇಪ್ಪತ್ತು ನಿಮಿಷ. ರುಬ್ಬಿದ ಹಿಟ್ಟನ್ನು ತಪ್ಪಲೆಗೆ ಅರ್ಧ ಮಟ್ಟ ಹಾಕಿ, ಕೈಯಲ್ಲೇ ಕಲಸಿ, ತಟ್ಟೆ ಮುಚ್ಚಿ ಒಳಗಿಡುತ್ತೇನೆ. ಚಟ್ನಿಗೆ ಕಾಯಿ ತುರಿದು ಒಗ್ಗರಣೆ ಕೊಡುವಷ್ಟರಲ್ಲಿ ಟಿಣ್ ಅನ್ನುತ್ತದೆ. ತಟ್ಟೆ ತೆಗೆದರೆ ಹಿಟ್ಟು ಅಂಚಿನವರೆಗೆ ಬಂದು ನಿಂತಿರುತ್ತದೆ. ಮೇಲೆಲ್ಲ ಸಣ್ಣ ಸಣ್ಣ ತೂತು. ಸೌಟು ಹಾಕಿದರೆ ಬುಸ್ಸೆಂದು ಇಳಿಯುತ್ತದೆ. ಆ ಸದ್ದು ಕೇಳುವುದಕ್ಕೇ ದಿನಾ ಇಡ್ಲಿ ಮಾಡುತ್ತಿದ್ದೆ.

ಆಮೇಲೆ ಶುರುವಾಯಿತು ಕರೆಂಟಿನ ಕಥೆ. ‘ವೇಗ’ದಲ್ಲಿಟ್ಟರೆ ಒಳಗೆ ತಣ್ಣಗಾಗುತ್ತದೆ. ಯಾಕೆಂದರೆ ಒಳಗಿನ ಲೆಕ್ಕದಲ್ಲಿ ಹೊರಗಿನ ಪ್ರಪಂಚ ಮೂವತ್ತು ಪಟ್ಟು ನಿಧಾನ, ಅಲ್ಲಿಂದ ಬರುವ ಬಿಸಿಯೂ ಅಷ್ಟೇ ನಿಧಾನ. ಅದಕ್ಕೆ ಒಳಗೊಂದು ಹೀಟರ್ ಇಟ್ಟಿದ್ದಾರೆ. ಬರೀ 60 ವ್ಯಾಟ್, ಬಲ್ಬಿನಷ್ಟು ಅಂತ ಬರೆದಿದೆ. ನಿಜ, ಆದರೆ ಅದು ಒಳಗಿನ ಗಡಿಯಾರದ ಲೆಕ್ಕ. ಹತ್ತು ಗಂಟೆಯ ಕರೆಂಟನ್ನು ಅದು ಇಪ್ಪತ್ತು ನಿಮಿಷದಲ್ಲಿ ಎಳೆದುಕೊಳ್ಳುತ್ತದೆ. ಅಂದರೆ ಗೋಡೆಯ ಪ್ಲಗ್ಗಿನಲ್ಲಿ 1800 ವ್ಯಾಟ್! ಗೀಸರ್ ಹಾಕಿದ ಹೊತ್ತಿಗೇ ಹಿಟ್ಟಿಟ್ಟರೆ ನಮ್ಮ ಮನೆಯಲ್ಲಿ ಎಂಸಿಬಿ ಬೀಳುತ್ತದೆ. ತಲೆಗೆ ಸೋಪು ಹಚ್ಚಿಕೊಂಡವರು ಬಾತ್‌ರೂಮಿನಿಂದ ಕೂಗುತ್ತಾರೆ.

ಒಂದು ಸಲಕ್ಕೆ 0.6 ಯೂನಿಟ್, ದೊಡ್ಡದೇನಲ್ಲ. ಆದರೆ ಪೆಟ್ಟಿಗೆ ಮನೆಯಲ್ಲಿದೆ ಅಂದಮೇಲೆ ಕೈ ಸುಮ್ನೆ ಇರುತ್ತದೆಯೇ? ಮೊಸರು, ದೋಸೆ ಹಿಟ್ಟು, ಮೊಳಕೆ ಕಾಳು, ಎಲ್ಲ ಅದರೊಳಗೇ. (ಮೊಳಕೆಗೆ ಇಡಲೇಬೇಡಿ. ಕಾಳೂ ಉಸಿರಾಡುತ್ತದೆ, ಒಳಗೆ ಹೋಗುವ ಗಾಳಿ ಅದಕ್ಕೆ ಸಾಲುವುದಿಲ್ಲ. ವಾಸನೆ ಬರುತ್ತದೆ.) ಗೃಹಜ್ಯೋತಿ ಇದ್ದವರು ಗಮನಿಸಿ: ತಿಂಗಳಿಗೆ 200 ಯೂನಿಟ್ ದಾಟಿದರೆ ಪೂರ್ತಿ ಬಿಲ್ ನಮ್ಮ ತಲೆಗೇ. ನಮಗೆ ಹಾಗೇ ಆಯಿತು. ಒಂದೇ ಸಂಬಳದ ಮನೆ ನಮ್ಮದು. ಕಂತು ಬೇರೆ ಕಟ್ಟುತ್ತಿದ್ದೇವೆ.

ಇದಕ್ಕಿಂತ ದೊಡ್ಡ ಸಿಟ್ಟು ಗ್ಯಾಸ್ಕೆಟ್ ಮೇಲೆ, ಅಂದರೆ ಬಾಗಿಲಂಚಿನ ರಬ್ಬರ್ ಮೇಲೆ. ಬಾಗಿಲಿಗೆ ಗಾಜು ಯಾಕಿಲ್ಲ ಅಂತ ಕೇಳುವವರಿಗೆ ಉತ್ತರ ಇಲ್ಲಿದೆ. ಬೆಚ್ಚಗಿರುವ ಯಾವ ವಸ್ತುವಿನಿಂದಲೂ ಕಣ್ಣಿಗೆ ಕಾಣದ ಅವಗೆಂಪು ಕಿರಣ ಹೊರಡುತ್ತಲೇ ಇರುತ್ತದೆ. ಮೂವತ್ತು ಪಟ್ಟು ವೇಗದ ಜಾಗದಿಂದ ಅದು ಹೊರಗೆ ಬಂದರೆ ಅದರ ಅಲೆಯ ಉದ್ದ ಮೂವತ್ತರಲ್ಲಿ ಒಂದು ಪಾಲಿಗೆ ಇಳಿದು ನೇರಳಾತೀತ ಆಗಿಬಿಡುತ್ತದೆ. ಉಗುರು ಬೆಚ್ಚಗಿನ ಹಿಟ್ಟಿನಿಂದ ಬಿಸಿಲಿನ ಏಟು! ನಮ್ಮ ಪೆಟ್ಟಿಗೆಯ ಬಾಗಿಲಲ್ಲಿ, ಹಿಂಜಿನ ಕಡೆ, ರಬ್ಬರ್ ಕೂದಲೆಳೆಯಷ್ಟು ಬಿಟ್ಟುಕೊಂಡಿತ್ತು. ಪಕ್ಕದ ಕಿಟಕಿಯ ಹಸಿರು ಪರದೆಯಲ್ಲಿ ಮೇಲಿಂದ ಕೆಳಗೆ ಒಂದು ಬಿಳಿ ಗೆರೆ ಬಿದ್ದಮೇಲೆ ಗೊತ್ತಾಯಿತು. ಸರ್ವಿಸ್ ಹುಡುಗ ಬಂದ, ಪರದೆಯ ಫೋಟೊ ತೆಗೆದ, “ಮೇಡಂ, ಬಟ್ಟೆ ಕಲರ್ ಹೋಗಿರಬೇಕು” ಅಂದ. ಗೆರೆ ಹೊಡೆದ ಹಾಗೆ ಬಣ್ಣ ಹೋಗುವ ಬಟ್ಟೆಯನ್ನು ನಾನಂತೂ ನೋಡಿಲ್ಲ.

ಬಾಗಿಲಿಗೆ ಚೈಲ್ಡ್ ಲಾಕ್ ಕೂಡ ಇಲ್ಲ. ಮಗಳು ಪಿಯುಸಿ. ಪರೀಕ್ಷೆ ಬಂದಾಗಲೆಲ್ಲ ಅವಳದು ಒಂದೇ ಹಾಡು: “ಅಮ್ಮಾ, ದೊಡ್ಡ ಮಾಡೆಲ್ ತಗೊಂಡಿದ್ರೆ ಒಳಗೇ ಕೂತು ಕೆಮಿಸ್ಟ್ರಿ ಮುಗಿಸ್ಕೊಂಡ್ ಬರ್ತಿದ್ದೆ.” ದಿನಾ ಹತ್ತು ಗಂಟೆ ಹಾಗೆ ಕೂತರೆ ವರ್ಷಕ್ಕೆ ಐದು ತಿಂಗಳು ಜಾಸ್ತಿ ವಯಸ್ಸಾಗುತ್ತದೆ ಅಂತ ಲೆಕ್ಕ ತೋರಿಸಿದೆ. ಅವಳಿಗೆ ಅದು ತಾಗಲಿಲ್ಲ. ಅತ್ತೆಯ ಲೆಕ್ಕವೇ ಬೇರೆ: “ಹತ್ತು ಗಂಟೆ ಓದಿದವಳು ಹಸ್ಕೊಂಡೇ ಬರ್ತಾಳೆ. ಇಪ್ಪತ್ತು ನಿಮಿಷಕ್ಕೊಂದು ಸಲ ಅಡುಗೆ ಮಾಡೋರು ಯಾರು?”

ಇಷ್ಟು ಬೈದಮೇಲೂ ಯಾಕೆ ಮಾರಿಲ್ಲ ಅಂದರೆ, ಇನ್ನೊಂದು ಗುಂಡಿ ಇದೆ. ‘ನಿಧಾನ’. ಅಂಗಡಿಯವನು ಅದರ ಬಗ್ಗೆ ಒಂದು ಮಾತೂ ಹೇಳಿರಲಿಲ್ಲ. ಹೊರಗಿನ ಒಂದು ಗಂಟೆ ಒಳಗೆ ಎರಡೇ ನಿಮಿಷ. ಇದರಲ್ಲಿ ಹೀಟರ್ ಬೇಡ, ಹಾಗಾಗಿ ಕರೆಂಟೂ ಕಮ್ಮಿ.

ನಮ್ಮ ಯಜಮಾನರು ಫೋನ್ ಮಾಡಿ “ಸಿಲ್ಕ್ ಬೋರ್ಡ್ ದಾಟಿದೆ, ಹತ್ತೇ ನಿಮಿಷ” ಅನ್ನುತ್ತಾರೆ. ಅವರ ಹತ್ತು ನಿಮಿಷ ನಮ್ಮ ಒಂದು ಗಂಟೆ. ಮೊದಲೆಲ್ಲ ಅಷ್ಟರಲ್ಲಿ ಕಾಫಿ ಆರಿ ಕೆನೆ ಕಟ್ಟಿರುತ್ತಿತ್ತು. ಮತ್ತೆ ಕಾಯಿಸಿದ ಕಾಫಿ ಕಾಫಿಯಲ್ಲ, ಅಲ್ವಾ? ಈಗ ನಾವೆಲ್ಲ ಕುಡಿಯುವಾಗಲೇ ಅವರದನ್ನೂ ಬೆರೆಸುತ್ತೇನೆ. ಮೊದಲ ಡಿಕಾಕ್ಷನ್, ಆಗ ತಾನೇ ಉಕ್ಕಿದ ಹಾಲು, ಲೋಟದಿಂದ ಬಟ್ಟಲಿಗೆ ಎತ್ತರಿಸಿ ಎರಡು ಸಲ ಹುಯ್ದು ಒಳಗಿಟ್ಟು ಬಾಗಿಲು ಹಾಕುತ್ತೇನೆ. ಅವರು ಬಂದು ಶೂ ಬಿಚ್ಚಿ ಕೂತಮೇಲೆ ತೆಗೆದರೆ ನೊರೆ ಲೋಟದ ಅಂಚಿಗೆ ಅಂಟಿಕೊಂಡು ಇನ್ನೂ ನಿಂತಿರುತ್ತದೆ. ಮೂತಿ ಸುಡುವಷ್ಟು ಬಿಸಿ. ನಿಜ ಹೇಳಬೇಕೆಂದರೆ ಇಟ್ಟಾಗ ಇದ್ದದ್ದಕ್ಕಿಂತ ಒಂಚೂರು ಜಾಸ್ತಿಯೇ, ಯಾಕೆಂದರೆ ‘ನಿಧಾನ’ದಲ್ಲಿ ಹೊರಗಿನ ಬಿಸಿ ಒಳಗೆ ನುಗ್ಗುತ್ತದೆ. ಕಾಫಿಗೆ ಒಳ್ಳೆಯದೇ. ಅದೇ ಧೈರ್ಯದಲ್ಲಿ ಶುಕ್ರವಾರಕ್ಕೆ ಎರಡು ಮೊಳ ಮಲ್ಲಿಗೆ ಇಟ್ಟಿದ್ದೆ, ಎಸಳಿನ ತುದಿಯೆಲ್ಲ ಕಂದಿತು. ಹೂವಿಗೆ ಫ್ರಿಜ್ಜೇ ಸರಿ.

ಕಾಲ ಹೀಗೆ ಹಿಗ್ಗುತ್ತದೆ ಕುಗ್ಗುತ್ತದೆ ಅಂದರೆ ಹೆದರುವವರೂ ಇದ್ದಾರೆ. ಅದೇನು ಹೊಸದಲ್ಲ. ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ್ದಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೋಡುತ್ತದೆ. ಅದನ್ನು ಸರಿಪಡಿಸಿಯೇ ನಮ್ಮ ಫೋನಿಗೆ ದಾರಿ ತೋರಿಸುವುದು. ಹೆದರಬೇಕಾದ್ದು ಕಾಲಕ್ಕಲ್ಲ, ರಬ್ಬರಿಗೆ.

‘ವೇಗ’ಕ್ಕಾಗಿಯೇ ಕೊಳ್ಳುವುದಾದರೆ ಬೇಡ, ಆ ದುಡ್ಡಿಗೆ ಒಳ್ಳೆಯ ಗ್ರೈಂಡರ್ ಬಂದು ಇನ್ನೂ ಮಿಗುತ್ತದೆ. ಮನೆಯಲ್ಲಿ ತಡವಾಗಿ ಬರುವವರು ಇದ್ದರೆ ಯೋಚಿಸಿ. ಕೊಳ್ಳುವ ಮುಂಚೆ ಗ್ಯಾಸ್ಕೆಟ್ ವಾರಂಟಿಯಲ್ಲಿ ಬರುತ್ತದಾ ಅಂತ ಕೇಳಿ ಬರೆಸಿಕೊಳ್ಳಿ. ನಮ್ಮದಕ್ಕೆ ಬರಲಿಲ್ಲ. ಪರದೆಯಂತೂ ಯಾವುದರಲ್ಲೂ ಬರುವುದಿಲ್ಲವಂತೆ.