ಹಳೆ ಕ್ಯಾಸೆಟ್ ಹಾಡು ಪೆನ್‌ಡ್ರೈವ್‌ಗೆ: ಕಲಬುರಗಿಯ ಅಂಗಡಿ, ಜಿ.ಕೆ. ವೆಂಕಟೇಶ್ ಸಂಗೀತ

ಸೂಪರ್ ಮಾರ್ಕೆಟ್ ಕಡೆ ಒಂದು ಸಣ್ಣ ರಿಪೇರಿ ಅಂಗಡಿಯಲ್ಲಿ ಹಳೆ ಕ್ಯಾಸೆಟ್ ಹಾಡುಗಳನ್ನು ಪೆನ್‌ಡ್ರೈವ್‌ಗೆ ಹಾಕಿಕೊಡುತ್ತಾರೆ. ಕ್ಯಾಸೆಟ್‌ಗೆ 150 ರೂಪಾಯಿ. ಜಾಸ್ತಿ ಅನಿಸಬಹುದು, ಆದರೆ 60 ನಿಮಿಷದ ಕ್ಯಾಸೆಟ್ ಅಂದರೆ 60 ನಿಮಿಷವೂ ಓಡಿಸಿಯೇ ರೆಕಾರ್ಡ್ ಮಾಡಬೇಕು, ಫೈಲ್ ಕಾಪಿ ಹೊಡೆದಷ್ಟು ಸುಲಭ ಅಲ್ಲ.

ನಾನು ಒಯ್ದದ್ದು ನಮ್ಮಪ್ಪ ಕೂಡಿಟ್ಟ, ಸಿನಿಮಾ ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್ ಅವರ ಹಾಡುಗಳು. ಒಂದರಲ್ಲಿ ಟೇಪ್ ಒತ್ತಿ ಹಿಡಿಯುವ ಸ್ಪಂಜು ಉದುರಿಹೋಗಿತ್ತು. "ಡಬ್ಬಿ ಹೋಗ್ಯದ್ರಿ ಸರ, ಟೇಪ್ ಛಲೋ ಅದ" ಅಂದವರೇ ಐದು ಸ್ಕ್ರೂ ಬಿಚ್ಚಿ, ಎರಡೂ ಸುರುಳಿ ಮೆಲ್ಲಗೆ ಎತ್ತಿ, ಬೇರೆ ಖಾಲಿ ಕ್ಯಾಸೆಟ್ ಒಳಗೆ ಕೂಡಿಸಿದರು. ಪ್ಲೇಯರ್‌ನಲ್ಲಿ ಟೇಪ್ ಓದುವ ಹೆಡ್ಡಿಗೆ ಸ್ಪಿರಿಟ್ ಹಚ್ಚಿ ಒರೆಸಿದರು. ದನಿ ಸ್ಪಷ್ಟ ಆಗಲಿ ಅಂತ ಅದರ ಪಕ್ಕದ ಸ್ಕ್ರೂ ಕೂದಲೆಳೆಯಷ್ಟು ತಿರುಗಿಸುತ್ತಾ ಹೆಡ್‌ಫೋನ್‌ನಲ್ಲಿ ಕೇಳುತ್ತಾ ಕೂತರು. ಕೆಲಸ ಬಲ್ಲವರು.

ಆದರೂ ಮೊದಲ ಸಲ ಕೊಟ್ಟ ಫೈಲ್ ನನಗೆ ಹಿಡಿಸಲಿಲ್ಲ. ಟೇಪಿನ ಸುಯ್ ಸದ್ದು ತೆಗೆಯಲು ಫಿಲ್ಟರ್ ಹಾಕಿದ್ದರು, ಅದರ ಜೊತೆ ಶಹನಾಯಿಯ ಜೀವವೂ ಹೋಗಿತ್ತು. 'ಸನಾದಿ ಅಪ್ಪಣ್ಣ' (1977) ಚಿತ್ರದ 'ಕರೆದರೂ ಕೇಳದೆ' ಗೊತ್ತಲ್ವಾ? ಅಲ್ಲಿ ಶಹನಾಯಿ ನುಡಿಸಿದವರು ಬಿಸ್ಮಿಲ್ಲಾ ಖಾನ್. ಅಂಥವರನ್ನು ಕರೆಸಿ ವಾದ್ಯಗಳ ಗದ್ದಲದಲ್ಲಿ ಮುಳುಗಿಸದೆ, ಎಸ್. ಜಾನಕಿ ದನಿಗೆ ಸರಿಸಮ ಜಾಗ ಕೊಟ್ಟರಲ್ಲ, ವೆಂಕಟೇಶ್ ಹೆಚ್ಚುಗಾರಿಕೆ ಇರೋದೇ ಅಲ್ಲಿ. ಫಿಲ್ಟರ್ ಬೇಡ, ಸುಯ್ ಸದ್ದು ಇದ್ದರೆ ಇರಲಿ ಅಂದೆ. ಮತ್ತೆ ದುಡ್ಡು ಕೇಳದೆ ಮಾಡಿಕೊಟ್ಟರು. ಈಗ ಉಸಿರು ಸಮೇತ ಕೇಳುತ್ತದೆ.

ಇನ್ನೊಂದು ತಕರಾರು ಇದೆ. ಎಲ್ಲ ಫೋಲ್ಡರಿಗೂ 'ರಾಜ್‌ಕುಮಾರ್ ಹಿಟ್ಸ್' ಅಂತ ಹೆಸರು! ಹಾಡು ಕಟ್ಟಿದವರ ಹೆಸರು ಎಲ್ಲೂ ಇಲ್ಲ. ಅಂಗಡಿಯವರನ್ನೇ ಯಾಕೆ ಅನ್ನೋದು, ನಾವೂ ಹಾಗೇ ಕೇಳುತ್ತೇವೆ. ರಾಜ್ ಮೊದಲೂ ಒಂದೆರಡು ಹಾಡಿದ್ದರು, ಆದರೆ ಅವರ ಪಾತ್ರಗಳಿಗೆ ಪಿ.ಬಿ. ಶ್ರೀನಿವಾಸ್ ದನಿಯೇ ಖಾಯಂ ಆಗಿದ್ದ ಕಾಲ ಅದು. 1974ರ 'ಸಂಪತ್ತಿಗೆ ಸವಾಲ್'ನಲ್ಲಿ 'ಯಾರೇ ಕೂಗಾಡಲಿ' ಹಾಡಿಸಿದ ಮೇಲೇ ಅವರು ಗಾಯಕರಾಗಿ ಗಟ್ಟಿಯಾಗಿ ನಿಂತದ್ದು, ಅದಕ್ಕೂ ಸಂಗೀತ ವೆಂಕಟೇಶ್ ಅವರದೇ. ಇವರ ಸಂಗೀತ ಇದ್ದ 1966ರ 'ಸಂಧ್ಯಾರಾಗ'ಕ್ಕೆ ಭೀಮಸೇನ ಜೋಶಿ ಹಾಡಿದ್ದಾರೆ. 'ಬಂಗಾರದ ಮನುಷ್ಯ' ಚಿತ್ರದ ಸಂಗೀತವೂ ಇವರದೇ. ಇಳಯರಾಜಾ ಸ್ವಂತವಾಗಿ ಶುರು ಮಾಡುವ ಮೊದಲು ಇವರ ಕೈಕೆಳಗೇ ಕೆಲಸ ಮಾಡಿದವರು. ಅಂದಹಾಗೆ ವೆಂಕಟೇಶ್ ಹುಟ್ಟಿದ್ದು 1927ರಲ್ಲಿ, ಹೈದರಾಬಾದಿನಲ್ಲಿ. ಆಗ ಕಲಬುರಗಿಯೂ ಅದೇ ನಿಜಾಮರ ಸಂಸ್ಥಾನ, ಆ ಲೆಕ್ಕದಲ್ಲಿ ನಮ್ಮ ಕಡೆಯವರೇ!

ಹಾಗಾಗಿ ಹೋಗುವಾಗ ಹಾಡು, ಚಿತ್ರ, ಸಂಗೀತ ಯಾರದು ಅಂತ ಒಂದು ಹಾಳೆಯಲ್ಲಿ ಬರೆದೇ ಒಯ್ಯಿರಿ. ಕೊಟ್ಟರೆ ಹಾಗೇ ಟೈಪ್ ಮಾಡಿ ಹಾಕುತ್ತಾರೆ, ಸುಮ್ನೆ ಬಾಯಲ್ಲಿ ಹೇಳಿ ಬಂದರೆ ಮರೆಯುತ್ತಾರೆ. ಪೆನ್‌ಡ್ರೈವ್ ನಿಮ್ಮದೇ ಇರಲಿ, ಅಲ್ಲಿ ತುಟ್ಟಿ. ಸಂಜೆ ಮೊಬೈಲ್ ರಿಪೇರಿಯವರ ರಶ್ ಇರುತ್ತದೆ, ಮುಂಜಾನೆ ಹೋದರೆ ಕೂತು ಕೇಳಿ ನೋಡಿಯೇ ದುಡ್ಡು ಕೊಡಬಹುದು.