ದಡಿ ನೋಡಿ ಸೀರೆ, ಟೋಪಿ ನೋಡಿ ಆಳು: ‘ಟೀಮ್ ಫೋರ್ಟ್ರೆಸ್ 2’ ಜೊತೆ ಏಳು ವರ್ಷ

ನನ್ನದೇ ಟೋಪಿ ಹಾಕಿಕೊಂಡು ನಾನೇ ನನ್ನೆದುರಿಗೆ ನಡೆದು ಬರುತ್ತಿದ್ದೆ. ಅಗಲ ಅಂಚಿನ ಅದೇ ಟೆಕ್ಸಾಸ್ ಟೆನ್ ಗ್ಯಾಲನ್ ಟೋಪಿ, ಅದೇ ಗಿಡ್ಡ, ಗಟ್ಟಿ ಮೈಕಟ್ಟು. ಗುರಿಯನ್ನು ಅವನ ಮೇಲಿಟ್ಟಾಗ ಪರದೆಯಲ್ಲಿ ಮೂಡಿದ ಹೆಸರೂ ನನ್ನದೇ. ನಮ್ಮ ತಂಡದಲ್ಲಿ ಇಂಜಿನಿಯರ್ ಆಗಿ ಆಡುತ್ತಿದ್ದವನು ನಾನೊಬ್ಬನೇ. ಕೈಯಲ್ಲಿದ್ದ ಪಾನಾದಿಂದ ಎರಡೇಟು ಹಾಕಿದೆ. ವೇಷ ಕಳಚಿತು, ಎದುರು ತಂಡದ ಸ್ಪೈ, ಅಂದರೆ ವೇಷ ಮರೆಸಿ ನುಸುಳುವ ಗೂಢಚಾರ, ನೆಲಕ್ಕೆ ಬಿದ್ದ. ಪಕ್ಕದಲ್ಲಿ ಕುಳಿತು ನೋಡುತ್ತಿದ್ದ ತಂಗಿಯ ಮಗ, “ಮಾಮಾ, ಅಷ್ಟು ಬೇಗ ಹೇಗೆ ಗೊತ್ತಾಯಿತು?” ಎಂದು ಕೇಳಿದ. “ಇಡೀ ತಂಡದಲ್ಲಿ ಆ ಟೋಪಿ ಒಂದೇ ಇತ್ತು, ಅದು ನನ್ನ ತಲೆಯ ಮೇಲಿತ್ತು” ಎಂದೆ.

ಈ ಒಂದು ಕಾರಣಕ್ಕಾಗಿಯೇ ಏಳು ವರ್ಷಗಳಿಂದ ನಾನು ಈ ಕಂಪ್ಯೂಟರ್ ಆಟವನ್ನು ಬಿಟ್ಟಿಲ್ಲ. ಆಟ ಬಂದದ್ದು 2007ರ ಅಕ್ಟೋಬರ್‌ನಲ್ಲಿ, ಉಚಿತವಾದದ್ದು 2011ರ ಜೂನ್‌ನಲ್ಲಿ. ಒಂಬತ್ತು ಬಗೆಯ ಆಳುಗಳು, ಕೆಂಪು ಮತ್ತು ನೀಲಿ ಎಂಬ ಎರಡು ತಂಡಗಳು. ಬಂದೂಕುಗಳ ಬಲಾಬಲ, ಕಾಳಗ ನಡೆಯುವ ನಕ್ಷೆಗಳ ಗುಣಾವಗುಣ ಕುರಿತು ಬೇಕಾದಷ್ಟು ಜನ ಬರೆದಿದ್ದಾರೆ. ನಾನು ಬರೆಯುತ್ತಿರುವುದು ಮೈಮೇಲಿನ ಉಡುಗೆ ನೋಡಿ ಆಳನ್ನು ಗುರುತಿಸುವುದರ ಬಗ್ಗೆ ಮಾತ್ರ.

ನಮ್ಮದು ಬೆಟಗೇರಿಯಲ್ಲಿ ಸೀರೆ ಅಂಗಡಿ. ಹತ್ತನೆಯ ವಯಸ್ಸಿನಿಂದ ಗಾದಿಯ ಮೇಲೆ ಕುಳಿತವನು ನಾನು. ಗಿರಾಕಿ ಉಟ್ಟುಕೊಂಡು ಬಂದ ಸೀರೆಯ ದಡಿಯನ್ನು, ಅಂದರೆ ಅಂಚನ್ನು, ಹೊಸ್ತಿಲಲ್ಲೇ ನೋಡಿ ಅದರ ಬಗೆ ಗೋಮಿಯೋ, ಗಾಯತ್ರಿಯೋ, ಚಿಕ್ಕಿ ಪರಾಸೋ ಎಂದು ಹೇಳಬೇಕು. ಸೆರಗು ತಿರುವಿದರೆ ಅದರ ವಿನ್ಯಾಸ ಟೋಪ್ ತೆನಿ ಹೌದೋ ಅಲ್ಲವೋ ತಿಳಿಯಬೇಕು. ಒಡಲಿಗೂ ಸೆರಗಿಗೂ ಕೊಂಡಿ ಹಾಕಿ ಸೇರಿಸಿದ ಜಾಗವನ್ನು ಬೆರಳಲ್ಲಿ ಮುಟ್ಟಿ, ಇದು ಕೈಮಗ್ಗದ್ದು ಎನ್ನಬೇಕು. ಅಪ್ಪ ನನಗೆ ಕಲಿಸಿದ ವಿದ್ಯೆ ಇದೇ. ಮೂವತ್ತರ ಹೊತ್ತಿಗೆ ಕಂಪ್ಯೂಟರ್ ಆಟವೊಂದರಲ್ಲಿ ಅದೇ ವಿದ್ಯೆ ಬಳಕೆಗೆ ಬಂದಾಗ ನನಗಾದ ಸಂತೋಷ ಸಣ್ಣದಲ್ಲ.

ಆಟ ತಯಾರಿಸಿದವರಿಗೂ ಈ ಕಣ್ಣು ಇತ್ತು. ಇದರ ಚಿತ್ರಶೈಲಿಯ ಬಗ್ಗೆ 2007ರಲ್ಲಿ ಅವರೇ ಒಂದು ಪ್ರಬಂಧ ಬರೆದಿದ್ದಾರೆ. ಬಣ್ಣ ನೋಡಿದರೆ ನಮ್ಮವನೋ ಎದುರಾಳಿಯೋ ತಿಳಿಯಬೇಕು, ಮೈಯ ಹೊರಗೆರೆ ನೋಡಿದರೆ ಯಾವ ಬಗೆಯ ಆಳು ಎಂದು ತಿಳಿಯಬೇಕು, ಎದೆಯ ಮಟ್ಟದಲ್ಲಿ ಬೆಳಕು ಹೆಚ್ಚಿರಬೇಕು, ಆಗ ಕೈಯಲ್ಲಿರುವ ಆಯುಧ ಕಾಣುತ್ತದೆ ಎಂಬ ಲೆಕ್ಕಾಚಾರ ಅದರಲ್ಲಿದೆ. ಒಳಗಿನ ವಿವರವನ್ನೆಲ್ಲ ಅಳಿಸಿ ಬರೀ ಕಪ್ಪು ನೆರಳು ಉಳಿಸಿದರೂ ದಢೂತಿ ಆಳಾದ ಹೆವಿ ಹೆವಿಯಂತೆಯೇ, ಸಪೂರ ಆಳಾದ ಸ್ಕೌಟ್ ಸ್ಕೌಟ್‌ನಂತೆಯೇ ಕಾಣಬೇಕು. ಕಳೆದ ಶತಮಾನದ ಆರಂಭದ ಅಮೆರಿಕದ ಚಿತ್ರಕಾರ ಜೆ. ಸಿ. ಲೈಯೆಂಡೆಕರ್ ಅವರ ಶೈಲಿಯಿಂದ ಕಲಿತು, ಬಟ್ಟೆಯ ಮಡಿಕೆಗಳು ಕೂಡ ಮೈಯ ಹೊರಗೆರೆಯನ್ನೇ ಅನುಸರಿಸುವಂತೆ ಬರೆದಿದ್ದಾರೆ. ಬಟ್ಟೆಯ ಮಡಿಕೆಗೆ ಇಷ್ಟು ಬೆಲೆ ಕೊಟ್ಟ ಆಟಕ್ಕೆ ಬಟ್ಟೆ ವ್ಯಾಪಾರಿಯಾದ ನಾನು ಹೇಗೆ ಮನಸೋಲದೆ ಇರಲಿ?

ಟೋಪಿಗಳು ಬಂದದ್ದು ಆಮೇಲೆ, 2009ರ ಮೇ ತಿಂಗಳಲ್ಲಿ. ಮೊದಲು ಆಳಿಗೊಂದರಂತೆ ಒಂಬತ್ತೇ ಇದ್ದವು: ವೈದ್ಯನಾದ ಮೆಡಿಕ್‌ಗೆ ಮೊನೆಯುಳ್ಳ ಶಿರಸ್ತ್ರಾಣ ಪ್ರಷ್ಯನ್ ಪಿಕಲ್‌ಹೌಬ, ಸ್ಪೈಗೆ ಫ್ಯಾನ್ಸಿ ಫೆಡೋರಾ, ಇಂಜಿನಿಯರ್‌ಗೆ ದೀಪ ಕಟ್ಟಿದ ಮೈನಿಂಗ್ ಲೈಟ್, ಹೀಗೆ. 2010ರ ಸೆಪ್ಟೆಂಬರ್ 30ರಂದು ಆಟದೊಳಗಿನ ಅಂಗಡಿ, ಆಟಗಾರರ ನಡುವಿನ ವಿನಿಮಯ, ಟೋಪಿಗೆ ಬಳಿಯುವ ಬಣ್ಣದ ಡಬ್ಬಿ ಎಲ್ಲವೂ ಒಟ್ಟಿಗೆ ಬಂದವು. ಅಲ್ಲಿಂದ ಮುಂದೆ ಸಂತೆಯೇ ನೆರೆಯಿತು. ಈಗ ಒಬ್ಬೊಬ್ಬ ಆಳು ಮೂರು ಅಲಂಕಾರಗಳನ್ನು ತೊಡಬಹುದು.

ಸ್ಪೈ ವೇಷ ಹಾಕುವಾಗ ನಮ್ಮ ತಂಡದಲ್ಲಿ ಆ ಬಗೆಯ ಆಳಾಗಿ ಆಡುತ್ತಿರುವ ಒಬ್ಬನ ಹೆಸರನ್ನೂ ಉಡುಗೆಯನ್ನೂ ಎತ್ತಿಕೊಳ್ಳುತ್ತಾನೆ. ಎಲ್ಲರೂ ಆಟವೇ ಕೊಟ್ಟ ಮೂಲ ಉಡುಗೆಯಲ್ಲಿ ಆಡುತ್ತಿದ್ದರೆ ವೇಷ ಯಾರದು ಎಂದು ದೂರದಿಂದ ಹೇಳಲಾಗದು. ಈಗ ಹಾಗಲ್ಲ. ಟೋಪಿ ಬಂದ ಮೇಲೆ ಪ್ರತಿಯೊಬ್ಬನಿಗೂ ಒಂದು ದಡಿ ಬಂತು. ಹಾಗಾಗಿ ಪಂದ್ಯ ಶುರುವಾಗುವ ಮುಂಚಿನ ಅರ್ಧ ನಿಮಿಷ ನನಗೆ ಬಹಳ ಮುಖ್ಯ. ಉಳಿದವರು ಕುಣಿಯುತ್ತಾ, ಬಾಗಿಲಿಗೆ ಗುಂಡು ಹೊಡೆಯುತ್ತಾ ಕಾಯುತ್ತಾರೆ. ನಾನು ನಮ್ಮವರ ನಡುವೆ ಒಂದು ಸುತ್ತು ಬರುತ್ತೇನೆ. ಗುರುತು ಸಿಗದ ಟೋಪಿ ಕಂಡರೆ ಹತ್ತಿರ ಹೋಗಿ ಎಫ್ ಗುಂಡಿ ಒತ್ತಿ, ಆ ಆಟಗಾರ ಏನೇನು ತೊಟ್ಟಿದ್ದಾನೆ ಎಂದು ಹೆಸರುಸಮೇತ ನೋಡಿಕೊಳ್ಳುತ್ತೇನೆ. ನೇರಳೆ ಬಣ್ಣ ಬಳಿದ ಟೋಪಿಯ ಸೋಲ್ಜರ್ ಒಬ್ಬ, ತಲೆಯ ಮೇಲೆ ಟೋಪಿಯ ಮೇಲೆ ಟೋಪಿ ಪೇರಿಸಿದ ಡೆಮೊಮ್ಯಾನ್ ಒಬ್ಬ, ಎರಡನೆಯ ಸೋಲ್ಜರ್‌ಗೆ ಬರೀ ಉಕ್ಕಿನ ಶಿರಸ್ತ್ರಾಣ. ಅಷ್ಟು ಮನಸ್ಸಿನಲ್ಲಿ ಬರೆದುಕೊಂಡರೆ ಮುಂದಿನ ಹತ್ತು ನಿಮಿಷ ನನ್ನ ಬೆನ್ನು ಕ್ಷೇಮ.

ರಾತ್ರಿ ಒಂಬತ್ತಕ್ಕೆ ಅಂಗಡಿಯ ಶಟರ್ ಎಳೆದು, ದಾರಿಯಲ್ಲಿ ಬದನೆಕಾಯಿ ಬಜ್ಜಿ ಕಟ್ಟಿಸಿಕೊಂಡು ಮನೆಗೆ ಬರುತ್ತೇನೆ. ಊಟವಾದ ಮೇಲೆ ಅವ್ವ ಮಲಗುವವರೆಗೆ ಕಾದು ಹೆಡ್‌ಫೋನ್ ಹಾಕಿಕೊಳ್ಳುತ್ತೇನೆ. ಕಂಪ್ಯೂಟರ್ ಹುಬ್ಬಳ್ಳಿಯಲ್ಲಿ ಸೆಕೆಂಡ್‌ಹ್ಯಾಂಡ್ ಕೊಂಡದ್ದು. ಹೊಸ ಆಟಗಳನ್ನು ಅದು ಎತ್ತುವುದಿಲ್ಲ, ಇದನ್ನು ಎತ್ತುತ್ತದೆ. ದಿನಕ್ಕೆ ಎರಡೇ ಪಂದ್ಯ. ಸತ್ತಾಗಲೂ ನನಗೆ ಬೇಸರವಿಲ್ಲ. ಕೊಂದವನ ಮುಖ ಒಂದು ಕ್ಷಣ ಪರದೆಯ ತುಂಬ ನಿಲ್ಲುತ್ತದೆ, ಅವನ ಬಳಿಯಿರುವ ಒಂದು ವಸ್ತುವಿನ ಹೆಸರನ್ನೂ ಆಟ ತೋರಿಸುತ್ತದೆ. ಹೊಸ ಹೆಸರು ಸಿಕ್ಕರೆ ಅಂಗಡಿಯ ಹಳೆಯ ಬಿಲ್ ಪುಸ್ತಕದ ಹಿಂಬದಿಯಲ್ಲಿ ಬರೆದಿಡುತ್ತೇನೆ. ಪಕ್ಕದಲ್ಲಿ ಟೋಪಿಯ ಚಿತ್ರ, ಕೆಳಗೆ ಯಾರು ತೊಡಬಹುದು ಎಂಬ ಟಿಪ್ಪಣಿ. ಅಂಥ ಎರಡು ಪುಸ್ತಕಗಳು ತುಂಬಿವೆ.

ಬರೆದಿಡುವುದಕ್ಕೆ ಕಾರಣವಿದೆ. ಇಲ್ಲಿ ಹೆಸರಿನಿಂದ ರೂಪ ಊಹಿಸಲು ಬರುವುದಿಲ್ಲ. ‘ಟೀಮ್ ಕ್ಯಾಪ್ಟನ್’ ಎಂದರೆ ಹೇಗಿರುತ್ತದೆ? ‘ಕಿಲ್ಲರ್ ಎಕ್ಸ್‌ಕ್ಲೂಸಿವ್’ ಎಂದರೆ? ಬಣ್ಣಗಳ ಕಥೆಯೂ ಅಷ್ಟೇ. ಕಪ್ಪಿಗೆ ‘ಎ ಡಿಸ್ಟಿಂಕ್ಟಿವ್ ಲ್ಯಾಕ್ ಆಫ್ ಹ್ಯೂ’ ಎಂದು ಹೆಸರಿಟ್ಟಿದ್ದಾರೆ. ‘ಟೀಮ್ ಸ್ಪಿರಿಟ್’ ಬಳಿದ ಟೋಪಿ ಕೆಂಪು ತಂಡದಲ್ಲಿ ಕೆಂಪಾಗಿ, ನೀಲಿ ತಂಡದಲ್ಲಿ ನೀಲಿಯಾಗಿ ಕಾಣುತ್ತದೆ. ಅದನ್ನು ನೋಡಿದಾಗಲೆಲ್ಲ ಎರಡು ಬಣ್ಣದ ನೂಲು ಸೇರಿಸಿ ನೇಯ್ದು, ತಿರುಗಿಸಿದಂತೆ ಬಣ್ಣ ಬದಲಿಸುವ ಸೀರೆ ನೆನಪಾಗುತ್ತದೆ.

ಉಡುಗೆಯಿಂದ ಆಳಿನ ವಯಸ್ಸನ್ನೂ ಅಳೆಯಬಹುದು. ಗಿಬಸ್ ಎಂಬ ಜೀರ್ಣವಾದ ಎತ್ತರದ ಟೋಪಿ ತಲೆಯಲ್ಲಿದ್ದು, ಪೈರೋವಿಷನ್ ಕನ್ನಡಕವೂ ಜೊತೆಗಿದ್ದರೆ ಆ ಆಟಗಾರ ಬಹುಮಟ್ಟಿಗೆ ಹೊಸಬ. ಅವನನ್ನು ಕಂಡರೆ ನಾನು ಕೈಹಿಡಿದು ನಡೆಸುತ್ತೇನೆ. ಕಿವಿಯಲ್ಲಿ ಬಿಳಿಯ ಇಯರ್‌ಬಡ್ಸ್ ಕಂಡರೆ ಅದು 2010ರ ಜೂನ್‌ನಲ್ಲಿ ಮ್ಯಾಕ್ ಕಂಪ್ಯೂಟರಿನಲ್ಲಿ ಆಡಿದವರಿಗೆ ಹಂಚಿದ ವಸ್ತು. ಹೆಸರಿನ ಆರಂಭದಲ್ಲಿ ‘ವಿಂಟೇಜ್’ ಇದ್ದು ನೀಲಿ ಅಕ್ಷರದಲ್ಲಿದ್ದರೆ, ವಿನಿಮಯ ಶುರುವಾಗುವ ಮುಂಚಿನ ಮಾಲು. ಅಜ್ಜಿಯ ಪೆಟ್ಟಿಗೆಯಿಂದ ತೆಗೆದ ಸೀರೆಗೆ ಇರುವ ಮರ್ಯಾದೆಯೇ ಅದಕ್ಕೂ ಇದೆ.

ಇಲ್ಲಿಯವರೆಗೆ ಬರೆದದ್ದನ್ನು ಸಂತೋಷದಿಂದ ಬರೆದೆ. ಮುಂದಿನದನ್ನು ಬರೆಯುವಾಗ ಈಗಲೂ ಸಿಟ್ಟು ಬರುತ್ತದೆ.

ತಂಗಿಯ ಮಗ ಹಾವೇರಿಯವನು. ಹತ್ತನೆಯ ತರಗತಿ ಪಾಸಾದಾಗ ಅವನಿಗೆ ನನ್ನ ವಿಂಟೇಜ್ ಫ್ಯಾನ್ಸಿ ಫೆಡೋರಾ ಕೊಟ್ಟಿದ್ದೆ. ಕಳೆದ ದೀಪಾವಳಿಯ ಸಮಯದಲ್ಲಿ ಯಾರೋ ಅಪರಿಚಿತ ಅವನನ್ನು ಮಾತಿಗೆಳೆದ. ಆ ಫೆಡೋರಾ ಮತ್ತು ಅವನು ವರ್ಷವಿಡೀ ಕೂಡಿಟ್ಟ ಇನ್ನಷ್ಟು ಸಾಮಾನು ಕೊಟ್ಟರೆ ‘ಅನ್‌ಯೂಷುವಲ್’ ಟೋಪಿಯೊಂದನ್ನು ಕೊಡುತ್ತೇನೆ ಎಂದ. ಅನ್‌ಯೂಷುವಲ್ ಎಂದರೆ ಸುತ್ತ ಕಿಡಿಯೋ ಹೊಗೆಯೋ ಮಿನುಗುವ ಅಪರೂಪದ ಟೋಪಿ. ವಿನಿಮಯದ ಕಿಟಕಿಯಲ್ಲಿ ಅದನ್ನು ಇಟ್ಟು ತೋರಿಸಿದ. ಹುಡುಗ ಒಪ್ಪಿಗೆಯ ಗುರುತು ಹಾಕಿದ. ಆತ ಏನೋ ನೆಪ ಹೇಳಿ ಅದನ್ನು ತೆಗೆದು, ಮತ್ತೆ ಇಟ್ಟ. ಹುಡುಗನ ಗುರುತು ತಾನಾಗಿ ಅಳಿಸಿಹೋಗಿತ್ತು. ಆಟವೇ ಕೊಟ್ಟ ಎಚ್ಚರಿಕೆ ಅದು. ಅವನು ಮತ್ತೊಮ್ಮೆ ಗುರುತು ಹಾಕಿದ. ಎರಡನೆಯ ಸಲ ಇಟ್ಟದ್ದು ಅದೇ ಆಕಾರದ ಸಾದಾ ಟೋಪಿ. ಚಿತ್ರದಲ್ಲಿ ಎದ್ದು ಕಾಣುವ ವ್ಯತ್ಯಾಸವಿಲ್ಲ. ನೇರಳೆ ಇದ್ದ ಅಂಚು ಹಳದಿಯಾಗಿತ್ತು, ಅಷ್ಟೇ.

ಟೋಪಿಯ ವ್ಯಾಪಾರದಲ್ಲೇ ಮಗುವಿಗೆ ಟೋಪಿ ಹಾಕಿದರು. ಫೋನಿನಲ್ಲಿ ಅವನು ಅಳುವುದನ್ನು ಕೇಳಿದಾಗ ನನ್ನ ಕೈ ನಡುಗಿತು. ಪವರ್‌ಲೂಮಿನ ಸೀರೆಯನ್ನು ಕೈಮಗ್ಗದ್ದೆಂದು ಹೇಳಿ ಮುದುಕಿಯರಿಗೆ ಮಾರುವವರನ್ನು ನಾನು ನೋಡಿದ್ದೇನೆ. ಅಪ್ಪ ಅಂಥವರ ಜೊತೆ ಚಹಾ ಕೂಡ ಕುಡಿಯುತ್ತಿರಲಿಲ್ಲ. ಈ ಅಪರಿಚಿತನೂ ಆ ಜಾತಿಯವನೇ. ಒಂದು ತಿಂಗಳು ನಾನು ಆಟವನ್ನು ತೆರೆಯಲಿಲ್ಲ. ಬಿಲ್ ಪುಸ್ತಕಗಳನ್ನು ಅಟ್ಟಕ್ಕೆ ಹಾಕಿಬಿಟ್ಟೆ. ಬಂದೂಕಿನ ಆಟಕ್ಕೆ ಈ ಬೆಲೆಬಾಳುವ ಚಿಂದಿಗಳೆಲ್ಲ ಯಾಕೆ ಬೇಕಿತ್ತು, ಎಲ್ಲರೂ ಮೂಲ ಉಡುಗೆಯಲ್ಲೇ ಆಡುತ್ತಿದ್ದ 2007ರ ಹಾಗೆಯೇ ಇರಬಾರದಿತ್ತೇ ಎಂದು ಅನ್ನಿಸಿತು.

ಆದರೆ ಅವನಿಗೆ ನಾನು ಕಲಿಸಿದ್ದು ಅರ್ಧ ಮಾತ್ರ ಎಂಬುದು ನಿಧಾನವಾಗಿ ಹೊಳೆಯಿತು. ಆಕಾರ ನೋಡುವುದನ್ನು ಕಲಿಸಿದ್ದೆ, ಅಂಚು ನೋಡುವುದನ್ನು ಕಲಿಸಿರಲಿಲ್ಲ. ಬೇಸಿಗೆ ರಜೆಗೆ ಬೆಟಗೇರಿಗೆ ಬಂದಾಗ ಮೊದಲು ಅಂಗಡಿಯಲ್ಲಿ ಕೂರಿಸಿದೆ. ಒಂದೇ ಬಣ್ಣದ ನಾಲ್ಕು ಸೀರೆಗಳ ಮಡಿಕೆ ಮುಂದಿಟ್ಟು, ಬಿಚ್ಚದೆ ದಡಿಯನ್ನಷ್ಟೇ ನೋಡಿ ಬೆಲೆಯ ಪ್ರಕಾರ ಜೋಡಿಸಲು ಹೇಳಿದೆ. ಮೂರನೆಯ ದಿನಕ್ಕೆ ಸರಿಯಾಗಿ ಜೋಡಿಸಿದ. ರಾತ್ರಿ ಆಟದ ಚೀಲ ತೆರೆದು ಅದೇ ಪಾಠ, ಅಂಚಿನ ಬಣ್ಣದಿಂದ ಸಾಮಾನಿನ ದರ್ಜೆ: ಹಳದಿ ಸಾದಾ, ನೀಲಿ ವಿಂಟೇಜ್, ಹಸಿರು ಜೆನ್ಯೂಯಿನ್, ಕಿತ್ತಳೆ ಸ್ಟ್ರೇಂಜ್, ನೇರಳೆ ಅನ್‌ಯೂಷುವಲ್. ಒಪ್ಪಿಗೆಯ ಗುರುತು ತಾನಾಗಿ ಅಳಿಸಿತೆಂದರೆ ಎದುರಿನವನು ಏನನ್ನೋ ಬದಲಿಸಿದ್ದಾನೆ. ಪ್ರತಿಯೊಂದರ ಮೇಲೂ ಬಾಣದ ಗುರುತು ಇಟ್ಟು ಪೂರ್ತಿ ಹೆಸರು ಓದದೆ ಎರಡನೆಯ ಸಲ ಒಪ್ಪಬಾರದು.

ಆ ರಜೆಯಲ್ಲೇ ಆಗಿ ಹುಣ್ಣಿಮೆ ಬಂತು. ಈ ಆಟದಲ್ಲಿ ಹ್ಯಾಲೋವೀನ್‌ನ ಕೆಲವು ಉಡುಗೆಗಳು ಉಳಿದ ದಿನ ಕಾಣುವುದೇ ಇಲ್ಲ. ಹ್ಯಾಲೋವೀನ್ ಬಿಟ್ಟರೆ ನಿಜವಾದ ಹುಣ್ಣಿಮೆಯ ಆಸುಪಾಸಿನಲ್ಲಿ ಮಾತ್ರ ತೋರುತ್ತವೆ. ನಮ್ಮ ಅವ್ವ ಪಂಚಾಂಗ ನೋಡಿ ಹೋಳಿಗೆ ಮಾಡುವ ದಿನವೇ ದೂರದೇಶದ ಆಟಗಾರರು ಕೂಡ ಪೆಟ್ಟಿಗೆಯಿಂದ ವೇಷ ತೆಗೆಯುತ್ತಾರೆ ಎಂಬುದು ನನಗೆ ಇಂದಿಗೂ ಅಚ್ಚರಿ. ಹುಣ್ಣಿಮೆಯ ರಾತ್ರಿ ಗುರುತಿಸುವುದು ಬಲು ಕಷ್ಟ. ದಿನವೂ ನೋಡಿದವನ ಮುಖ ಹಸಿರುಗಟ್ಟಿ ಹೆಣದ ಹಾಗಾಗಿರುತ್ತದೆ.

ಅಂದು ಡಸ್ಟ್‌ಬೌಲ್ ನಕ್ಷೆಯ ಕೊನೆಯ ಹಂತದಲ್ಲಿ ನಾನು ಫಿರಂಗಿ ಕಾಯುತ್ತಿದ್ದೆ. ಮೂಲೆ ತಿರುಗಿ ನಮ್ಮ ಮೆಡಿಕ್ ಓಡಿ ಬಂದ. ತಲೆಯ ಮೇಲೆ ಮೊನೆಯುಳ್ಳ ಪಿಕಲ್‌ಹೌಬ, ಸರಿಯಾಗಿಯೇ ಇತ್ತು. ನಾನು ಅವನತ್ತ ಬೆನ್ನು ತಿರುಗಿಸಿದೆ. “ಮಾಮಾ, ಪಿಕಲ್‌ಹೌಬದವನು ಈಗ ತಾನೆ ಸತ್ತ! ಬಲಗಡೆ ಮೇಲೆ ನೋಡು!” ಎಂದು ಹುಡುಗ ಕೂಗಿದ. ಪರದೆಯ ಆ ಮೂಲೆಯ ಸತ್ತವರ ಪಟ್ಟಿಯಲ್ಲಿ ನಮ್ಮ ಮೆಡಿಕ್‌ನ ಹೆಸರು ಇನ್ನೂ ಅಳಿಸಿರಲಿಲ್ಲ. ತಿರುಗಿ ಪಾನಾ ಬೀಸಿದೆ. ಒಳಕೋಣೆಯಿಂದ ಅವ್ವ, “ಯಾರು ಸತ್ತರೋ?” ಎಂದು ಗಾಬರಿಯಿಂದ ಕೇಳಿದಳು.

ಖರ್ಚಿನ ವಿಷಯ. ಉಚಿತ ಖಾತೆಗೆ ಚೀಲದಲ್ಲಿ 50 ಸಾಮಾನಿಗೆ ಜಾಗ. ನಾನು ಶುರು ಮಾಡಿದಾಗ ಆಟದ ಅಂಗಡಿಯಲ್ಲಿ ಏನಾದರೊಂದು ಕೊಂಡರೆ ಅದು 300 ಆಗುತ್ತಿತ್ತು. ಆ ಒಂದು ಖರೀದಿ ದುಡ್ಡಿಗೆ ತಕ್ಕದ್ದಾಗಿತ್ತು. ಆಟದಲ್ಲಿ ಸಿಗುವ ಮುಚ್ಚಿದ ಪೆಟ್ಟಿಗೆ ತೆರೆಯುವ ಕೀಲಿಗೆ 2.49 ಡಾಲರ್, ಒಳಗೆ ಏನು ಸಿಗುತ್ತದೆಂಬುದು ಅದೃಷ್ಟ. ಏಳು ವರ್ಷದಲ್ಲಿ ಮೂರು ಕೊಂಡೆ, ನಾಲ್ಕನೆಯದನ್ನು ಕೊಳ್ಳುವುದಿಲ್ಲ. ಬೇಕಾದ ಟೋಪಿಯನ್ನು ಹೆಸರು ಓದಿ, ಅಂಚು ನೋಡಿ, ನೇರವಾಗಿ ಕೊಳ್ಳುವುದೇ ಲೇಸು.

ಐದರಲ್ಲಿ ನಾಲ್ಕು ನಕ್ಷತ್ರ ಕೊಡುತ್ತೇನೆ. ಐದನೆಯದು ಆ ಫೆಡೋರಾದ ಜೊತೆ ಹೋಯಿತು. ಅದಕ್ಕೆ ಬದಲಾಗಿ ಇನ್ನೊಂದು ವಿಂಟೇಜ್ ಫೆಡೋರಾ ಹುಡುಕುತ್ತಿದ್ದೇನೆ, ಅವನು ಪಿಯುಸಿ ಮುಗಿಸುವುದರೊಳಗೆ ಸಿಕ್ಕರೆ ಸಾಕು.