ಇ-ಕೋರ್ಟ್ಸ್ ಆ್ಯಪ್: ವಾಯಿದೆ ನೋಡಲು ಸೈ, ಜಮೀನಿನ ಸ್ಟೇ ಹುಡುಕಲು ಸಾಲದು

ದಾವೆಯ ಸಿಎನ್‌ಆರ್ ನಂಬರ್ ಕೈಲಿದ್ದರೆ ಕೋರ್ಟು ಕೇಸುಗಳ ವಿವರ ತೋರಿಸುವ ಇ-ಕೋರ್ಟ್ಸ್ ಸರ್ವೀಸಸ್ ಆ್ಯಪ್‌ನಿಂದ ಆಗುವ ಉಪಕಾರ ದೊಡ್ಡದು. ಬರೀ ಸರ್ವೆ ನಂಬರ್ ಹಿಡಿದುಕೊಂಡು ಆ ಜಮೀನಿನ ಮೇಲೆ ಸ್ಟೇ ಇದೆಯೋ ಇಲ್ಲವೋ ನೋಡಲು ಹೊರಟರೆ ಮಾತ್ರ ಬರಿಗೈ. ಸರ್ವೆ ನಂಬರಿನಿಂದ ಹುಡುಕುವ ದಾರಿಯೇ ಅದರಲ್ಲಿಲ್ಲ.

ಸಿಎನ್‌ಆರ್ ಎಂದರೆ 16 ಅಕ್ಷರ-ಅಂಕಿಗಳ ಗುರುತು. ಕರ್ನಾಟಕದ್ದು ಕೆಎ ಎಂದು ಶುರುವಾಗುತ್ತದೆ, ಕೊನೆಯ 4 ಅಂಕಿ ವರ್ಷ. ಅದಿಲ್ಲದಿದ್ದರೆ ಪಕ್ಷಕಾರರ ಹೆಸರು, ವಕೀಲರ ಹೆಸರು ಅಥವಾ ಓಎಸ್ (ಮೂಲ ದಾವೆ) ನಂಬರಿನಿಂದ ಹುಡುಕಬಹುದು. ಹೆಸರು ಇಂಗ್ಲಿಷ್ ಅಕ್ಷರದಲ್ಲಿರುತ್ತದೆ. ಶಿವಣ್ಣನ ಹೆಸರನ್ನು ಒಬ್ಬರು ಎಸ್‌ಎಚ್ ಹಾಕಿ ಬರೆದರೆ ಇನ್ನೊಬ್ಬರು ಬರೀ ಎಸ್ ಹಾಕಿರುತ್ತಾರೆ. ಪೂರ್ತಿ ಹೆಸರು ಕೊಡುವ ಬದಲು ನಡುವಿನ ನಾಲ್ಕೈದು ಅಕ್ಷರ ಕೊಡಿ, ವರ್ಷ ಬದಲಿಸುತ್ತಾ ಬನ್ನಿ.

ಕೇಸು ತೆರೆದ ಮೇಲೆ ಎಲ್ಲರೂ ಎಡವುವುದು ಒಂದೇ ಕಡೆ: ಮೇಲೆ ಕಾಣುವ ಮುಂದಿನ ವಾಯಿದೆ ನೋಡಿ ಮುಚ್ಚಿಬಿಡುತ್ತಾರೆ. ಸ್ಟೇ ಜೀವಂತವಾಗಿದೆಯೇ ಎಂಬುದು ತಿಳಿಯುವುದು ಕೆಳಗಿನ ಕೇಸ್ ಹಿಸ್ಟರಿಯಲ್ಲಿ. ಒಂದೊಂದು ತಾರೀಖನ್ನೂ ಒತ್ತಿ ಆ ದಿನದ ಬಿಸಿನೆಸ್, ಅಂದರೆ ಅಂದು ಕೋರ್ಟಿನಲ್ಲಿ ನಡೆದದ್ದರ ಟಿಪ್ಪಣಿ, ಓದಬೇಕು. ಎದುರು ಪಕ್ಷವನ್ನು ಕೇಳದೆ ಕೊಡುವ ಏಕಪಕ್ಷೀಯ ಪ್ರತಿಬಂಧಕಾಜ್ಞೆಯನ್ನು ಸಾಮಾನ್ಯವಾಗಿ ‘ಮುಂದಿನ ವಾಯಿದೆವರೆಗೆ’ ಎಂದೇ ಕೊಟ್ಟಿರುತ್ತಾರೆ. ನಂತರದ ವಾಯಿದೆಗಳಲ್ಲಿ ‘ಐಒ ಎಕ್ಸ್‌ಟೆಂಡೆಡ್’ (ಮಧ್ಯಂತರ ಆದೇಶ ವಿಸ್ತರಿಸಲಾಗಿದೆ) ಎಂಬ ಮಾತು ಇದೆಯೇ ನೋಡಿ. ಜಡ್ಜ್ ರಜೆಯಲ್ಲಿದ್ದ ದಿನ ಬರೀ ತಾರೀಖು ಮುಂದೆ ಹೋಗಿ, ವಿಸ್ತರಣೆಯ ಸಾಲು ಬಿಟ್ಟುಹೋಗಿದ್ದರೆ ಅಲ್ಲಿಂದಲೇ ಜಗಳ ಶುರು. ಹೈಕೋರ್ಟ್ ಸ್ಟೇ 6 ತಿಂಗಳಿಗೆ ತಾನಾಗಿಯೇ ಬಿದ್ದುಹೋಗುತ್ತದೆ ಎಂಬ ಮಾತು ಈಗಲೂ ಓಡಾಡುತ್ತಿದೆ. ಹಾಗೆ ಹೇಳಿದ್ದ 2018ರ ತೀರ್ಪನ್ನು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2024ರ ಫೆಬ್ರವರಿಯಲ್ಲೇ ತಳ್ಳಿಹಾಕಿದೆ.

ಪ್ರತಿವಾದಿಗೆ ಈ ಹಿಸ್ಟರಿ ಒಳ್ಳೆಯ ಆಯುಧ. ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆದೇಶ 39ರ ನಿಯಮ 3ಎ ಪ್ರಕಾರ, ನೋಟಿಸ್ ಇಲ್ಲದೆ ಕೊಟ್ಟ ಆಜ್ಞೆಯ ಅರ್ಜಿಯನ್ನು 30 ದಿನದೊಳಗೆ ತೀರ್ಮಾನಿಸಲು ಕೋರ್ಟು ಪ್ರಯತ್ನಿಸಬೇಕು, ಆಗದಿದ್ದರೆ ಕಾರಣ ಬರೆಯಬೇಕು. ಐಎ (ಮಧ್ಯಂತರ ಅರ್ಜಿ) ಎಷ್ಟು ವಾಯಿದೆಯಿಂದ ‘ಆಕ್ಷೇಪಣೆಗೆ’ ಎಂದೇ ನಿಂತಿದೆ ಎಂಬುದನ್ನು ಆ್ಯಪ್ ತಾರೀಖು ಸಮೇತ ತೋರಿಸುತ್ತದೆ. ವಾದಿಯು ಅರ್ಜಿ, ಅಫಿಡವಿಟ್, ದಾವಾಪತ್ರಗಳನ್ನು ಎದುರು ಪಕ್ಷಕ್ಕೆ ಕಳಿಸಿ, ಆ ಬಗ್ಗೆ ಅದೇ ದಿನ ಅಥವಾ ಮರುದಿನ ಅಫಿಡವಿಟ್ ಹಾಕಿದ್ದಾನೆಯೇ ಎಂಬುದನ್ನು ಮಾತ್ರ ಫೈಲ್ ಪರಿಶೀಲಿಸಿಯೇ ನೋಡಬೇಕು. ಹಾಕಿಲ್ಲದಿದ್ದರೆ ಸ್ಟೇ ತೆರವಿಗೆ ಅದು ಗಟ್ಟಿ ಕಾರಣ.

ಆದೇಶದ ಪಿಡಿಎಫ್ ಇಳಿಸಿಕೊಂಡರೂ ಎರಡು ಕೊರತೆ ಉಳಿಯುತ್ತವೆ. ಅದರಲ್ಲಿ ಹೆಚ್ಚಾಗಿ ‘ದಾವಾ ಷೆಡ್ಯೂಲ್ ಸ್ವತ್ತು’ ಎಂದಷ್ಟೇ ಇರುತ್ತದೆ. ಯಾವ ಹಿಸ್ಸಾ, ಎಷ್ಟು ಗುಂಟೆ, ಚೆಕ್ಕುಬಂದಿ ಏನು ಎಂಬುದಕ್ಕೆ ದಾವಾಪತ್ರದ ದೃಢೀಕೃತ ನಕಲೇ ಬೇಕು. ಇನ್ನೊಂದು, ‘ಯಥಾಸ್ಥಿತಿ ಕಾಪಾಡಿ’ ಎಂಬ ಆದೇಶ. ಯಾರು ಸ್ವಾಧೀನದಲ್ಲಿದ್ದಾರೆ ಎಂದು ಹೇಳದೆ ಹೀಗೆ ಬರೆದರೆ ಇಬ್ಬರೂ ಅದೇ ಹಾಳೆ ಹಿಡಿದು ಉಳುಮೆಗೆ ಬರುತ್ತಾರೆ, ಪೊಲೀಸರು ಕೈಚೆಲ್ಲುತ್ತಾರೆ. ಪಹಣಿ, ಸರ್ವೆ ನಕ್ಷೆ ಲಗತ್ತಿಸಿ ಸ್ಪಷ್ಟೀಕರಣ ಕೇಳುವುದೊಂದೇ ದಾರಿ. ಇದನ್ನು ಆ್ಯಪ್‌ನ ತಪ್ಪೆನ್ನಲಾಗದು.

ಕಂದಾಯ ನ್ಯಾಯಾಲಯಗಳು ಇದರ ಲೆಕ್ಕಕ್ಕೇ ಬರುವುದಿಲ್ಲ. ತಹಶೀಲ್ದಾರ್, ಎಸಿ, ಡಿಸಿ ಕೋರ್ಟಿನ ತಡೆಯಾಜ್ಞೆಗೆ ಪಹಣಿಯ 11ನೇ ಕಾಲಂ ನೋಡಿ, ಆಯಾ ಕಚೇರಿಯಲ್ಲೂ ವಿಚಾರಿಸಿ. ಇಸಿ (ಋಣಭಾರ ಪ್ರಮಾಣಪತ್ರ) ಕ್ಲೀನ್ ಇದೆ ಎಂದು ಅಡ್ವಾನ್ಸ್ ಕೊಡುವವರಿಗೆ: ಅದರಲ್ಲಿ ಬರುವುದು ನೋಂದಣಿಯಾದ ವ್ಯವಹಾರ, ನಡೆಯುತ್ತಿರುವ ದಾವೆ ಕಾಣದಿರಬಹುದು. ದಾವೆ ನಡೆಯುತ್ತಿರುವಾಗ ಕೊಂಡವನಿಗೂ ತೀರ್ಪು ಅಂಟುತ್ತದೆ, ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಂ ಇರುವುದೇ ಅದಕ್ಕೆ.

ನನ್ನನ್ನು ಕೇಳದೆ ಆದೇಶ ಕೊಡಬೇಡಿ ಎಂದು ಕೋರ್ಟಿಗೆ ಮೊದಲೇ ಹಾಕುವ ಅರ್ಜಿಯೇ ಕೇವಿಯಟ್. ಆ್ಯಪ್‌ನ ಕೇವಿಯಟ್ ಹುಡುಕಾಟ ಹೆಚ್ಚಿನವರು ಮುಟ್ಟದ ಸೌಲಭ್ಯ. ಕೇವಿಯಟ್ ಆಯುಸ್ಸು 90 ದಿನ, ಆಮೇಲೆ ಹೊಸದು ಹಾಕಬೇಕು. ನೆನಪಿಸುವ ಅಲಾರಂ ಬೇಕಿದ್ದರೆ ನಿಮ್ಮ ಫೋನಿನ ಕ್ಯಾಲೆಂಡರಿನಲ್ಲೇ 80ನೇ ದಿನಕ್ಕೆ ಇಟ್ಟುಕೊಳ್ಳಿ.